ಹುಟ್ಟುಕುರುಡನ ಕಣ್ಣು: ಕಾಶಿಯ ನೀಲಕಂಠ ಶಾಸ್ತ್ರಿ ಗೋರೆ

ಕಾಶಿಯಲ್ಲಿ ಪವಾಡಗಳಿಗೆ ಎಂದೂ ಬರವಿದ್ದಿಲ್ಲ. ಭಾದ್ರಪದ ಶುದ್ಧ ಷಷ್ಠಿಯ ದಿನ ಲೋಲಾರ್ಕ ಕುಂಡದಲ್ಲಿ ಮಿಂದರೆ ಮಕ್ಕಳಿಲ್ಲದವರಿಗೆ ಮಕ್ಕಳಾಗುತ್ತವೆ ಎಂಬ ನಂಬಿಕೆ ಇಂದಿಗೂ ಅಪಾರ ಸಂಖ್ಯೆಯ ದಂಪತಿಗಳನ್ನು ಆ ಕಡಿದಾದ ಮೆಟ್ಟಿಲುಗಳತ್ತ ಕರೆತರುತ್ತದೆ. ಕೃಷ್ಣನ ಮಗ ಸಾಂಬ ತಂದೆಯ ಶಾಪದಿಂದ ಬಂದ ಕುಷ್ಠವನ್ನು ಸೂರ್ಯಾರಾಧನೆಯಿಂದ ಕಳೆದುಕೊಂಡ ಕಥೆ ಈ ಊರಿನ ಸೂರ್ಯಕುಂಡದೊಂದಿಗೆ ಸೇರಿಕೊಂಡಿದೆ. ಇಲ್ಲಿ ಸಾಯುವವರ ಕಿವಿಯಲ್ಲಿ ವಿಶ್ವನಾಥನೇ ತಾರಕಮಂತ್ರವನ್ನು ಉಸುರುತ್ತಾನೆ ಎಂಬುದಂತೂ ಎಲ್ಲಕ್ಕಿಂತ ದೊಡ್ಡ ಪವಾಡ. ಅದನ್ನು ನಂಬಿದವರು ಯಾರೂ ಸಾಕ್ಷಿಗಳನ್ನು ಕೇಳಿ ನಂಬಿದವರಲ್ಲ. ಇಂತಹ ಪರಂಪರೆಯಲ್ಲಿ ಬೆಳೆದ ಪಂಡಿತರ ಎದುರಿಗೆ 19ನೆಯ ಶತಮಾನದ ನಡುಭಾಗದಲ್ಲಿ ಒಂದು ಹೊಸ ವಾದ ಬಂದು ನಿಂತಿತು. ಒಂದು ಮತ ಸತ್ಯವೆನ್ನಿಸಿಕೊಳ್ಳಬೇಕಾದರೆ ಅದರ ಪ್ರವರ್ತಕನು ಪವಾಡಗಳನ್ನು ಮಾಡಿರಬೇಕು, ಆ ಪವಾಡಗಳಿಗೆ ಸಮಕಾಲೀನರ ಸಾಕ್ಷ್ಯವಿರಬೇಕು ಎಂಬುದು ಆ ವಾದ. ಪವಾಡ ನಡೆಯುತ್ತದೆಯೇ ಇಲ್ಲವೇ ಎಂಬುದು ಕಾಶಿಯವರಿಗೆ ಪ್ರಶ್ನೆಯಾಗಿರಲಿಲ್ಲ. ನಡೆದ ಪವಾಡದಿಂದ ಸಿದ್ಧವಾಗುವುದೇನು ಎಂಬುದೇ ಪ್ರಶ್ನೆಯಾಗಿತ್ತು. ಈ ಪ್ರಶ್ನೆಯನ್ನು ಇಪ್ಪತ್ತರ ಹರೆಯದಲ್ಲಿ ಎತ್ತಿಕೊಂಡು ಎಪ್ಪತ್ತು ವರ್ಷದವರೆಗೂ ಕೆಳಗಿಳಿಸಲಾರದೆ ಹೊತ್ತವರು ನೀಲಕಂಠ ಶಾಸ್ತ್ರಿ ಗೋರೆಯವರು.

ವಾದವನ್ನು ಆರಂಭಿಸಿದವರು ಜಾನ್ ಮ್ಯೂರ್ (1810-1882). ಸ್ಕಾಟ್‌ಲೆಂಡಿನವರಾದ ಇವರು ಈಸ್ಟ್ ಇಂಡಿಯಾ ಕಂಪನಿಯ ಸೇವೆಯಲ್ಲಿದ್ದು, ಸಂಸ್ಕೃತವನ್ನು ಕಲಿತು, 1839ರಲ್ಲಿ ‘ಮತಪರೀಕ್ಷಾ’ ಎಂಬ ಪದ್ಯಗ್ರಂಥವನ್ನು ಸಂಸ್ಕೃತದಲ್ಲಿಯೇ ರಚಿಸಿ ಪ್ರಕಟಿಸಿದರು. ಗುರು ಮತ್ತು ಶಿಷ್ಯರ ಸಂವಾದದ ರೂಪದಲ್ಲಿರುವ ಈ ಕೃತಿ ಸತ್ಯಶಾಸ್ತ್ರಕ್ಕೆ ಮೂರು ಲಕ್ಷಣಗಳನ್ನು ಹೇಳುತ್ತದೆ. ಪ್ರವರ್ತಕನ ಅದ್ಭುತ ಶಕ್ತಿ ಮೊದಲನೆಯದು. ಶಾಸ್ತ್ರದ ಪಾವಿತ್ರ್ಯ ಮತ್ತು ಶಾಸ್ತ್ರವು ಸರ್ವಮಾನವರಿಗೂ ಅನ್ವಯಿಸುವಿಕೆ ಉಳಿದೆರಡು. ಕ್ರಿಸ್ತನ ಪವಾಡಗಳನ್ನು ಕಂಡವರು ಬರೆದಿಟ್ಟಿದ್ದಾರೆ, ಪುರಾಣಗಳ ಪವಾಡಗಳು ಕವಿಗಳ ಅಲಂಕಾರ ಮಾತ್ರ ಎಂದು ಅದರ ಗುರು ಶಿಷ್ಯನಿಗೆ ಬೋಧಿಸುತ್ತಾನೆ. ಮಿಶನರಿ ಸಾಹಿತ್ಯದಲ್ಲಿ ಇದು ಅಪೂರ್ವವಾದ ಪ್ರಯತ್ನ. ಬೀದಿಯ ಭಾಷೆಯಲ್ಲಿ ಹಂಚುವ ಕರಪತ್ರಗಳನ್ನು ಪಂಡಿತರು ಕಡೆಗಣಿಸಬಹುದಿತ್ತು. ದೇವಭಾಷೆಯಲ್ಲಿ, ಅನುಷ್ಟುಪ್ಪಿನಲ್ಲಿ, ಗುರುಶಿಷ್ಯರ ಬಾಯಿಂದಲೇ ಬಂದ ಪೂರ್ವಪಕ್ಷಕ್ಕೆ ಉತ್ತರ ಹೇಳದೆ ಇರುವುದು ಶಾಸ್ತ್ರಮರ್ಯಾದೆಗೆ ಒಪ್ಪುವ ಮಾತಲ್ಲ.

ಉತ್ತರಗಳೂ ಬಂದವು. ಅದೇ 1839ರಲ್ಲಿ ಸೋಮನಾಥ ಎಂಬ ಹೆಸರಿನಲ್ಲಿ ‘ಮತಪರೀಕ್ಷಾಶಿಕ್ಷಾ’ ಹೊರಟಿತು. ಅದರ ಕರ್ತೃ ಮಧ್ಯಭಾರತದ ಸೀಹೋರಿನ ಜ್ಯೋತಿಷ ಪಂಡಿತ ಸುಬಾಜಿ ಬಾಪು ಎಂದು ಗುರುತಿಸಲಾಗಿದೆ. ಮರುವರ್ಷ ಬಂಗಾಳದ ಹರಚಂದ್ರ ತರ್ಕಪಂಚಾನನರು ‘ಮತಪರೀಕ್ಷೋತ್ತರ’ವನ್ನು ಬರೆದರು. ಮೊದಲನೆಯದರಲ್ಲಿ ಸೌಮ್ಯತೆ ಹೆಚ್ಚು, ಎರಡನೆಯದರಲ್ಲಿ ಕಟಕಿ ಹೆಚ್ಚು. ಮೂರನೆಯದಾದ ‘ಶಾಸ್ತ್ರತತ್ತ್ವವಿನಿರ್ಣಯ’ 1844-45ರಲ್ಲಿ ಕಾಶಿಯಲ್ಲಿ ರಚಿತವಾಯಿತು. ವಿಸ್ತಾರದಲ್ಲಿಯೂ ತರ್ಕದ ಬಿಗಿಯಲ್ಲಿಯೂ ಮೂರರಲ್ಲಿ ಇದೇ ಮಿಗಿಲು. ಇದನ್ನು ಬರೆದ ನೀಲಕಂಠರಿಗೆ ಆಗ ಇಪ್ಪತ್ತು ವರ್ಷ ತುಂಬುತ್ತಿತ್ತು.

ನೀಲಕಂಠರು 1825ರ ಫೆಬ್ರವರಿ 8ರಂದು ಝಾನ್ಸಿಯ ಸಮೀಪದ ಕಾಶೀಪುರವೆಂಬ ಹಳ್ಳಿಯಲ್ಲಿ ಜನಿಸಿದರು. ಕೊಂಕಣ ಮೂಲದ ಚಿತ್ಪಾವನ ಬ್ರಾಹ್ಮಣರ ಮನೆತನ. ಬುಂದೇಲಖಂಡದ ಬಾಂದಾ ನವಾಬರ ಆಸ್ಥಾನದಲ್ಲಿ ಹಿರಿಯರು ಅಧಿಕಾರದ ಸ್ಥಾನದಲ್ಲಿದ್ದವರು. ಆ ವೈಭವ ಇಳಿದ ಮೇಲೆ ಕುಟುಂಬ ಕಾಶಿಯಲ್ಲಿ ನೆಲೆಸಿತು. ತಂದೆ ಶಿವರಾಮಪಂತರು. ಮನೆಯ ಸಂಪ್ರದಾಯ ಶೈವ. ಮಗ ಮಾತ್ರ ತಾರುಣ್ಯದಲ್ಲಿಯೇ ಶಿವಭಕ್ತಿಯನ್ನು ಬಿಟ್ಟು ವಿಷ್ಣುಭಕ್ತಿಗೆ ಒಲಿದರು. ಒಪ್ಪಿಸಿದ್ದನ್ನು ಹಾಗೆಯೇ ಒಪ್ಪಿಕೊಳ್ಳದ, ಒಮ್ಮೆ ಒಪ್ಪಿಕೊಂಡದ್ದಕ್ಕಾಗಿ ಮನೆಯವರನ್ನೂ ಎದುರು ಹಾಕಿಕೊಳ್ಳಬಲ್ಲ ಸ್ವಭಾವ ಇಲ್ಲಿಯೇ ಕಾಣುತ್ತದೆ. ಅವರ ಶಿಕ್ಷಣ ಹಳೆಯ ಪದ್ಧತಿಯಂತೆ ವ್ಯಾಕರಣ ಮತ್ತು ನ್ಯಾಯಗಳಲ್ಲಿ ನಡೆಯಿತು. ಎದುರಾಳಿಯ ವಾದವನ್ನು ಅವನಿಗಿಂತ ಚೆನ್ನಾಗಿ ಮಂಡಿಸಿ ಆಮೇಲೆ ಮುರಿಯಬೇಕೆಂಬ ನೈಯಾಯಿಕರ ಶಿಸ್ತು ಅವರಿಗೆ ಕೊನೆಯವರೆಗೂ ಉಳಿಯಿತು. ಅದು ಅವರ ವಿದ್ವತ್ತಿಗೆ ಬಲವಾದಂತೆಯೇ ಬದುಕಿಗೆ ಕಂಟಕವೂ ಆಯಿತು. ಪೂರ್ವಪಕ್ಷವನ್ನು ಅಷ್ಟು ಪ್ರಾಮಾಣಿಕವಾಗಿ ಕಟ್ಟುವವನು ಅದರೊಳಗೆ ಸಿಕ್ಕಿಬೀಳುವ ಅಪಾಯ ಯಾವಾಗಲೂ ಇರುತ್ತದೆ.

‘ಶಾಸ್ತ್ರತತ್ತ್ವವಿನಿರ್ಣಯ’ದ ನಿಲುವು ಮುಖ್ಯವಾಗಿ ಶ್ರದ್ಧೆ ಮತ್ತು ತರ್ಕಗಳ ಸಂಬಂಧವನ್ನು ಕುರಿತದ್ದು. ಶ್ರದ್ಧೆ ಮೊದಲು, ತರ್ಕ ಅದರ ಹಿಂದೆ. ಶ್ರದ್ಧೆಯಿಲ್ಲದ ತರ್ಕಕ್ಕೆ ಎಲ್ಲ ಶಾಸ್ತ್ರಗಳಲ್ಲಿಯೂ ದೋಷಗಳೇ ಕಾಣುತ್ತವೆ. ವೇದದಲ್ಲಿ ದೋಷ ಹುಡುಕುವವನು ಅದೇ ಕಣ್ಣಿನಿಂದ ಬೈಬಲನ್ನು ನೋಡಿದರೆ ಅಲ್ಲಿಯೂ ಅಷ್ಟೇ ದೋಷಗಳು ಸಿಗುತ್ತವೆ. ಪವಾಡಗಳ ವಿಚಾರದಲ್ಲಿ ಅವರ ವಾದ ಇನ್ನೂ ಮೊನಚಾಗಿದೆ. ಕ್ರಿಸ್ತನು ಅದ್ಭುತಗಳನ್ನು ಮಾಡಿದನೆಂದು ಕ್ರೈಸ್ತರ ಗ್ರಂಥ ಹೇಳುತ್ತದೆ, ಕೃಷ್ಣನು ಅದ್ಭುತಗಳನ್ನು ಮಾಡಿದನೆಂದು ಭಾಗವತ ಹೇಳುತ್ತದೆ. ಒಂದು ಗ್ರಂಥದ ಸಾಕ್ಷ್ಯವನ್ನು ಹಿಡಿದು ಇನ್ನೊಂದರದನ್ನು ಅಲಂಕಾರವೆಂದು ತಳ್ಳುವುದಕ್ಕೆ ಪಕ್ಷಪಾತವಲ್ಲದೆ ಬೇರೆ ಕಾರಣವಿಲ್ಲ. ಹಾಗಾದರೆ ಈ ಹೊಸ ಮತ ಎಲ್ಲಿಂದ ಬಂತು ಎಂಬುದಕ್ಕೂ ಅವರು ಸಂಪ್ರದಾಯದೊಳಗಿನಿಂದಲೇ ಸಮಾಧಾನ ಕೊಡುತ್ತಾರೆ. ಅನಧಿಕಾರಿಗಳನ್ನು ಮರುಳುಗೊಳಿಸಲು ಹುಟ್ಟಿದ ಮೋಹಧರ್ಮ ಇದು. ಮನುಷ್ಯರ ಹುಟ್ಟಿನಲ್ಲಿಯೇ ಇರುವ ವೈಷಮ್ಯಕ್ಕೆ, ಕುರುಡುತನಕ್ಕೆ, ದಾರಿದ್ರ್ಯಕ್ಕೆ ಪೂರ್ವಜನ್ಮದ ಕರ್ಮವೊಂದೇ ಕಾರಣವಾಗಬಲ್ಲದು. ಒಂದೇ ಜನ್ಮವನ್ನು ಒಪ್ಪುವವರ ದೇವರು ನಿಷ್ಕರುಣಿಯಾಗದೆ ವಿಧಿಯಿಲ್ಲ. ಒಂದು ಜನ್ಮದ ಮಿತವಾದ ಪಾಪಕ್ಕೆ ಮುಗಿಯದ ನರಕವನ್ನು ಕೊಡುವುದಂತೂ ಯಾವ ನ್ಯಾಯಕ್ಕೂ ಹೊಂದದ ಮಾತು.

ಹುಟ್ಟುಕುರುಡುತನದ ಈ ಪ್ರಶ್ನೆ ಬೈಬಲಿನ ಒಂದು ಪವಾಡದ ಕಥೆಯಲ್ಲಿಯೇ ಬಂದಿದೆ ಎಂಬುದನ್ನು ಇಲ್ಲಿ ನೆನೆಯಬೇಕು. ಯೋಹಾನನ ಸುವಾರ್ತೆಯ 9ನೆಯ ಅಧ್ಯಾಯದಲ್ಲಿ ಯೆರೂಸಲೇಮಿನ ದಾರಿಯಲ್ಲಿ ಭಿಕ್ಷೆ ಬೇಡುತ್ತ ಕುಳಿತಿದ್ದ ಒಬ್ಬ ಹುಟ್ಟುಕುರುಡನನ್ನು ಕಂಡು ಶಿಷ್ಯರು ಯೇಸುವನ್ನು ಕೇಳುತ್ತಾರೆ: ಇವನ ಕುರುಡಿಗೆ ಕಾರಣ ಇವನ ಪಾಪವೋ, ತಂದೆತಾಯಿಗಳ ಪಾಪವೋ? ಹುಟ್ಟುವ ಮೊದಲೇ ಒಬ್ಬನು ಪಾಪ ಮಾಡುವುದು ಹೇಗೆ ಎಂದು ಪಾಶ್ಚಾತ್ಯ ವ್ಯಾಖ್ಯಾನಕಾರರು ಇಲ್ಲಿ ತಡವರಿಸುತ್ತಾರೆ. ಕಾಶಿಯ ಓದುಗನಿಗೆ ಆ ತೊಡಕೇ ಇಲ್ಲ. ಶಿಷ್ಯರು ಕರ್ಮಸಿದ್ಧಾಂತವನ್ನೇ ಕೇಳುತ್ತಿದ್ದಾರೆ. ಆದರೆ ಗುರುವಿನ ಉತ್ತರ ಅವನನ್ನು ಬೆಚ್ಚಿಬೀಳಿಸುವಂಥದು. ಯೇಸು ಎರಡು ಕಾರಣಗಳನ್ನೂ ಅಲ್ಲಗಳೆಯುತ್ತಾನೆ. ಹಿಂದೆ ನಡೆದ ಯಾವುದರಲ್ಲಿಯೂ ಕಾರಣವನ್ನು ಹುಡುಕದೆ, ಮುಂದೆ ನಡೆಯಬೇಕಾದ ದೇವರ ಕೆಲಸದ ಕಡೆಗೆ ಬೆರಳು ತೋರಿಸುತ್ತಾನೆ. ನೆಲದ ಮೇಲೆ ಉಗುಳಿ, ಕೆಸರು ಮಾಡಿ, ಅದನ್ನು ಕುರುಡನ ಕಣ್ಣಿಗೆ ಹಚ್ಚಿ, ಸಿಲೋವ ಕೊಳದಲ್ಲಿ ತೊಳೆದುಕೊಳ್ಳಲು ಕಳುಹಿಸುತ್ತಾನೆ. ಅವನು ಹೋಗಿ ತೊಳೆದುಕೊಂಡು ಕಣ್ಣು ಪಡೆದು ಬರುತ್ತಾನೆ.

ಪವಾಡ ಇಷ್ಟರಲ್ಲಿ ಮುಗಿಯುತ್ತದೆ. ಅಧ್ಯಾಯದ ಉಳಿದ ಭಾಗವೆಲ್ಲ ವಿಚಾರಣೆ. ಇವನು ಅದೇ ಭಿಕ್ಷುಕನೋ ಅವನಂತಿರುವ ಬೇರೆಯವನೋ ಎಂದು ನೆರೆಯವರಲ್ಲಿ ಭಿನ್ನಾಭಿಪ್ರಾಯ. ಸಬ್ಬತ್ ದಿನ ಕೆಸರು ಕಲಸಿದವನು ದೇವರ ಕಡೆಯವನಾಗಿರಲು ಸಾಧ್ಯವೇ ಎಂದು ಫರಿಸಾಯರ ಮೀಮಾಂಸೆ. ತಂದೆತಾಯಿಗಳನ್ನು ಕರೆಸಿದರೆ, ಸಭಾಮಂದಿರದಿಂದ ಬಹಿಷ್ಕಾರ ಬಂದೀತೆಂಬ ಭಯದಿಂದ ಅವರು, ಹುಟ್ಟುಕುರುಡನಾದ ತಮ್ಮ ಮಗನೇ ಹೌದೆಂದು ಹೇಳಿ, ಉಳಿದುದನ್ನು ಪ್ರಾಯಕ್ಕೆ ಬಂದ ಅವನನ್ನೇ ಕೇಳಿ ಎಂದು ಜಾರಿಕೊಳ್ಳುತ್ತಾರೆ. ಮಗನಿಗೆ ತನ್ನ ಕಣ್ಣು ತೆರೆದವನು ಪಾಪಿಯೋ ಅಲ್ಲವೋ ತಿಳಿದಿಲ್ಲ; ಮೊದಲು ಕಾಣದಿದ್ದದ್ದು ಈಗ ಕಾಣುತ್ತಿದೆ ಎಂಬುದಷ್ಟೇ ಗೊತ್ತು. ಎಷ್ಟು ಕೇಳಿದರೂ ಅವನು ಅದನ್ನು ಬಿಟ್ಟು ಕೊಡನು. ಕೊನೆಗೆ ಅವನನ್ನು ಹೊರಗೆ ಹಾಕುತ್ತಾರೆ. ಹೊರಹಾಕಿದ ಮೇಲೆ ಯೇಸು ಅವನನ್ನು ಹುಡುಕಿಕೊಂಡು ಬರುತ್ತಾನೆ. ತನ್ನ ಕಣ್ಣು ತೆರೆದವನ ಮುಖವನ್ನು ಅವನು ಮೊದಲ ಸಲ ಕಾಣುವುದು ಆಗ. ಮ್ಯೂರ್ ಹೇಳುವಂತೆ ಪವಾಡವೇ ಮತದ ಪ್ರಮಾಣವಾಗಿದ್ದರೆ, ಈ ಕಥೆಯಲ್ಲಿ ಅದನ್ನು ಕಣ್ಣಾರೆ ಕಂಡವರೆಲ್ಲರೂ ನಂಬಬೇಕಾಗಿತ್ತು. ಕಂಡವರಲ್ಲಿ ಬಹುಪಾಲು ಜನ ನಂಬಲಿಲ್ಲ ಎಂಬುದನ್ನು ಸುವಾರ್ತೆಯೇ ಮುಚ್ಚುಮರೆಯಿಲ್ಲದೆ ದಾಖಲಿಸಿದೆ. ಪವಾಡದಿಂದ ಶ್ರದ್ಧೆ ಹುಟ್ಟುವುದಿಲ್ಲ ಎಂಬ ಕಾಶಿಯ ತರುಣನ ಮಾತಿಗೆ ಎದುರಾಳಿಯ ಗ್ರಂಥದಲ್ಲಿಯೇ ಬೆಂಬಲವಿತ್ತೆನ್ನಬಹುದು.

ಮ್ಯೂರ್ ಅವರಿಗೆ ಉತ್ತರ ಬರೆಯುತ್ತಿದ್ದ ದಿನಗಳಲ್ಲಿಯೇ ನೀಲಕಂಠರು ಸಿಗ್ರಾದಲ್ಲಿದ್ದ ಚರ್ಚ್ ಮಿಶನರಿ ಸೊಸೈಟಿಯ ಪಾದ್ರಿ ವಿಲಿಯಂ ಸ್ಮಿತ್ ಅವರಲ್ಲಿಗೆ ಹೋಗಿಬರತೊಡಗಿದರು. ಹೋದದ್ದು ಪಾದ್ರಿಯ ಬಾಯಿ ಮುಚ್ಚಿಸಲು. 1845ರಲ್ಲಿ ಕ್ರೈಸ್ತಮತದ ಬಗೆಗಿನ ತಮ್ಮ ಸಂಶಯಗಳನ್ನೆಲ್ಲ ಹಿಂದಿಯಲ್ಲಿ ಬರೆದು ಅವರ ಕೈಗೆ ಕೊಟ್ಟರು. ಪಾಪವೇ ಅರಿಯದ ಪ್ರಾಣಿಗಳು ನೋಯುವುದೇಕೆ, ನಿತ್ಯನರಕ ನ್ಯಾಯವೇ ಎಂಬಂತಹ ಪ್ರಶ್ನೆಗಳು ಅವು. ಈ ಪ್ರಶ್ನೆಗಳಿಗೆ ಅವರಿಗೆ ತೃಪ್ತಿಕರವಾದ ಉತ್ತರ ಆಗ ಸಿಗಲಿಲ್ಲ; ಮುಂದೆಯೂ ಪೂರ್ತಿಯಾಗಿ ಸಿಕ್ಕಂತೆ ಕಾಣುವುದಿಲ್ಲ. ಆದರೂ ಅವರು ಸಿಗ್ರಾಕ್ಕೆ ಹೋಗುವುದನ್ನು ಬಿಡಲಿಲ್ಲ. ಖಂಡಿಸುವುದಕ್ಕಾಗಿ ಓದಿದ ಬೈಬಲಿನಲ್ಲಿ ಅವರನ್ನು ಹಿಡಿದು ನಿಲ್ಲಿಸಿದ್ದು ಪವಾಡಗಳಲ್ಲ, ಪರ್ವತಪ್ರಸಂಗ. ಅದೇ ವೇಳೆಗೆ, ಸ್ವಂತ ಶಾಸ್ತ್ರಗಳ ಮೇಲೆ ಎದುರಾಳಿಗಳು ಎತ್ತಿದ ಆಕ್ಷೇಪಗಳನ್ನು ಕಟ್ಟಿ ಕೆಡವುತ್ತಿದ್ದ ತರ್ಕ ಒಳಗೊಳಗೇ ತನ್ನ ದಿಕ್ಕನ್ನು ಬದಲಿಸಿತ್ತು. 1844ರಲ್ಲಿ ಮ್ಯೂರ್ ಅವರೇ ಕಾಶಿಯ ಸರ್ಕಾರಿ ಕಾಲೇಜಿನ ಮುಖ್ಯಸ್ಥರಾಗಿ ಅಲ್ಪಕಾಲ ಬಂದಿದ್ದರು. ಜೊನಾಥನ್ ಡಂಕನ್ 1791ರಲ್ಲಿ ಸ್ಥಾಪಿಸಿದ ಸಂಸ್ಕೃತ ಪಾಠಶಾಲೆಯ ಮುಂದುವರಿಕೆಯಾದ ಆ ಸಂಸ್ಥೆ ಇಂದಿನ ಸಂಪೂರ್ಣಾನಂದ ಸಂಸ್ಕೃತ ವಿಶ್ವವಿದ್ಯಾಲಯ. ಪೂರ್ವಪಕ್ಷಿಯೂ ಸಿದ್ಧಾಂತಿಯೂ ಒಂದೇ ಊರಿನಲ್ಲಿದ್ದ ಆ ದಿನಗಳು ಕಾಶಿಯ ಬೌದ್ಧಿಕ ಚರಿತ್ರೆಯಲ್ಲಿ ವಿಶೇಷವಾದವು.

ಮನೆಯಲ್ಲಿ ವಿಷಯ ತಿಳಿದಾಗ ಆದದ್ದನ್ನು ಊಹಿಸುವುದು ಕಷ್ಟವಲ್ಲ. ಶಿವರಾಮಪಂತರು ಮಗನನ್ನು ಹೊಡೆಯಲಿಲ್ಲ, ಬಯ್ಯಲಿಲ್ಲ, ಬೇಡಿಕೊಂಡರು. ನೀಲಕಂಠರ ಮನಸ್ಸನ್ನು ತರ್ಕಕ್ಕಿಂತ ಹೆಚ್ಚಾಗಿ ಕಲಕಿದ್ದು ತಂದೆಯ ಕಣ್ಣೀರು. ಒಮ್ಮೆ ಹೊರಟು ನಿಂತವರು ತಂದೆಯ ಮಾತಿಗೆ ಕಟ್ಟುಬಿದ್ದು ಹಿಂದಿರುಗಿದ್ದೂ ಉಂಟು. ಕೊನೆಗೆ ಕಾಶಿಯಲ್ಲಿ ಅಲ್ಲದೆ, ಅಲ್ಲಿಂದ ವಾಯವ್ಯಕ್ಕಿರುವ ಜೌನಪುರದಲ್ಲಿ 1848ರ ಮಾರ್ಚ್ 14ರಂದು ದೀಕ್ಷಾಸ್ನಾನ ಪಡೆದು ನೆಹೆಮಾಯ ಎಂಬ ಹೆಸರನ್ನು ಸ್ವೀಕರಿಸಿದರು. ನಾಶವಾದ ಯೆರೂಸಲೇಮಿನ ಕೋಟೆಗೋಡೆಯನ್ನು ಮತ್ತೆ ಕಟ್ಟಿಸಿದವನ ಹೆಸರು ಅದು. ಸ್ಮಿತ್ ಅವರು ಈ ಮತಾಂತರದ ವೃತ್ತಾಂತವನ್ನು ‘ದ್ವಿಜ್’ ಎಂಬ ಪುಸ್ತಕವಾಗಿ 1850ರಲ್ಲಿ ಲಂಡನ್ನಿನಲ್ಲಿ ಪ್ರಕಟಿಸಿದರು. ಎರಡು ಸಲ ಹುಟ್ಟಿದವನು ಎಂಬ ಶ್ಲೇಷೆ ಪಾದ್ರಿಗೆ ಪ್ರಿಯವಾಗಿರಬೇಕು. ಎರಡನೆಯ ಹುಟ್ಟಿನ ನೋವು ಅನುಭವಿಸಿದವರ ಪಾಲಿಗೆ ಅದು ಅಷ್ಟು ಚಮತ್ಕಾರದ ಮಾತಾಗಿರಲಾರದು.

ಇದೇ ದಶಕದಲ್ಲಿ ಕರ್ನಾಟಕದ ಕರಾವಳಿಯಲ್ಲಿ ಇಂಥದೇ ಒಂದು ಘಟನೆ ನಡೆದಿತ್ತು. ನೀಲಕಂಠರಂತೆ 1825ರಲ್ಲಿಯೇ ಹುಟ್ಟಿದ ಮಂಗಳೂರಿನ ಸಾರಸ್ವತ ತರುಣ ಆನಂದರಾವ್ ಕೌಂಡಿನ್ಯರು 1844ರ ಜನವರಿಯಲ್ಲಿ ಬಾಸೆಲ್ ಮಿಶನ್ನಿನ ಹೆರ್ಮನ್ ಮೋಗ್ಲಿಂಗ್ ಅವರಿಂದ ದೀಕ್ಷಾಸ್ನಾನ ಪಡೆದರು. ಮುಂದೆ ಬಾಸೆಲ್ಲಿಗೆ ಹೋಗಿ ಓದಿ ಬಂದು ಆ ಮಿಶನ್ನಿನ ಪಾದ್ರಿಯಾದರು. ಇಬ್ಬರ ಜೀವನಕ್ಕೂ ಹೊರನೋಟದ ಹೋಲಿಕೆಗಳು ಹಲವು. ಕೌಂಡಿನ್ಯರು ಇಂಗ್ಲಿಷ್ ಶಿಕ್ಷಣದ ಮೂಲಕ ಹೊಸ ಮತಕ್ಕೆ ಬಂದವರು. ನೀಲಕಂಠರು ಬಂದದ್ದು ಸಂಸ್ಕೃತದ ವಾದಗ್ರಂಥಗಳ ಮೂಲಕ, ಅದರಲ್ಲಿಯೂ ಸ್ವತಃ ಬರೆದ ಖಂಡನಗ್ರಂಥವನ್ನು ದಾಟಿಕೊಂಡು. ಈ ವ್ಯತ್ಯಾಸ ಸಣ್ಣದಲ್ಲ.

ಹೆಂಡತಿ ಲಕ್ಷ್ಮೀಬಾಯಿಯವರು ಸಾಕಷ್ಟು ಎಳೆದಾಟದ ನಂತರ ಬಂದು ಗಂಡನನ್ನು ಸೇರಿಕೊಂಡರು. 1853ರಲ್ಲಿ ಮಗಳು ಹುಟ್ಟಿದ ಸ್ವಲ್ಪ ಕಾಲದಲ್ಲಿಯೇ ತೀರಿಕೊಂಡರು. ತಾಯಿಯ ಹೆಸರನ್ನೇ ಪಡೆದ ಆ ಮಗು ಐರೋಪ್ಯ ಕುಟುಂಬಗಳ ಆಶ್ರಯದಲ್ಲಿ ಬೆಳೆದು, ಇಂಗ್ಲೆಂಡಿನಲ್ಲಿ ಓದಿ, 1880ರಲ್ಲಿ ಭಾರತಕ್ಕೆ ಮರಳಿ, ಎಲೆನ್ ಲಕ್ಷ್ಮಿ ಗೋರೆ ಎಂಬ ಹೆಸರಿನಿಂದ ಇಂಗ್ಲಿಷಿನಲ್ಲಿ ಭಕ್ತಿಗೀತೆಗಳನ್ನು ಬರೆದರು. ಅವು ಇಂಗ್ಲಿಷ್ ಬಲ್ಲ ಕ್ರೈಸ್ತ ಜಗತ್ತಿನಲ್ಲಿ ಬಹುಕಾಲ ಹಾಡಿಕೆಯಲ್ಲಿದ್ದವು. ಮಗಳ ಗೀತೆಗಳಲ್ಲಿರುವ ನೆಮ್ಮದಿ ತಂದೆಯ ಬರಹಗಳಲ್ಲಿ ಎಲ್ಲಿಯೂ ದೊರೆಯುವುದಿಲ್ಲ.

ಹೆಂಡತಿ ಸತ್ತ ಮರುವರ್ಷ, 1854ರಲ್ಲಿ, ಪಂಜಾಬಿನ ಪದಚ್ಯುತ ಮಹಾರಾಜ ದುಲೀಪ್ ಸಿಂಗನ ಜೊತೆ ಪಂಡಿತರಾಗಿ ನೀಲಕಂಠರು ಇಂಗ್ಲೆಂಡಿಗೆ ಹೋದರು. ಅಲ್ಲಿ ಅವರನ್ನು ಕಂಡವರಲ್ಲಿ ಮ್ಯಾಕ್ಸ್ ಮುಲ್ಲರ್ ಒಬ್ಬರು. ಮುಪ್ಪಿನಲ್ಲಿ ತಮ್ಮ ಭಾರತೀಯ ಮಿತ್ರರನ್ನು ನೆನೆದು ಬರೆದಾಗ ಮುಲ್ಲರ್ ಈ ಪಂಡಿತರನ್ನೂ ನೆನೆದಿದ್ದಾರೆ. ಪರ್ವತಪ್ರಸಂಗವನ್ನು ಓದಿ ಮನೆಮಠಗಳನ್ನು ತೊರೆದು ಬಂದವರಿಗೆ ಕ್ರೈಸ್ತರ ದೇಶದ ದೈನಂದಿನ ಜೀವನದಲ್ಲಿ ಆ ಪ್ರಸಂಗದ ಕುರುಹು ಕಾಣದೆ ಆದ ನಿರಾಶೆ ಅಲ್ಲಿ ಮನಮುಟ್ಟುವಂತೆ ಚಿತ್ರಿತವಾಗಿದೆ. ಆದರೂ ಅವರು ಹಿಂದಿರುಗುವ ದಾರಿಯನ್ನು ಹಿಡಿಯಲಿಲ್ಲ. ಆಚರಿಸುವವರ ದೋಷದಿಂದ ಶಾಸ್ತ್ರ ಸುಳ್ಳಾಗುವುದಿಲ್ಲ ಎಂಬುದು ‘ಶಾಸ್ತ್ರತತ್ತ್ವವಿನಿರ್ಣಯ’ದ ಕರ್ತೃವಿಗೆ ಹೊಸದಾಗಿ ಕಲಿಯಬೇಕಾದ ಪಾಠವೇನಲ್ಲ.

ಭಾರತಕ್ಕೆ ಮರಳಿದ ನಂತರದ ಮುಖ್ಯ ಕೃತಿ ‘ಷಡ್ದರ್ಶನ ದರ್ಪಣ’. 1860ರಲ್ಲಿ ಹಿಂದಿಯಲ್ಲಿ ಪ್ರಕಟವಾದ ಇದನ್ನು ಕಾಶಿಯ ಕಾಲೇಜಿನಲ್ಲಿ ಅಧ್ಯಾಪಕರಾಗಿದ್ದ ಅಮೆರಿಕದ ಫಿಟ್ಜ್‌ಎಡ್ವರ್ಡ್ ಹಾಲ್ 1862ರಲ್ಲಿ ಇಂಗ್ಲಿಷಿಗೆ ತಂದರು. ಆರು ದರ್ಶನಗಳನ್ನು ಒಂದೊಂದಾಗಿ ಎತ್ತಿಕೊಂಡು ಖಂಡಿಸುವ ಈ ಗ್ರಂಥ, ಕ್ರೈಸ್ತ ವಾದಗ್ರಂಥವಾಗಿಯೂ ತನ್ನ ವಿಧಾನದಲ್ಲಿ ಅಪ್ಪಟ ನೈಯಾಯಿಕನದು. ಮಿಶನರಿಗಳ ಎಷ್ಟೋ ಪುಸ್ತಕಗಳಂತೆ ಇದು ವಿಗ್ರಹಾರಾಧನೆಯನ್ನೋ ಪುರಾಣಕಥೆಗಳನ್ನೋ ಹಿಡಿದು ಅಪಹಾಸ್ಯ ಮಾಡುವುದಿಲ್ಲ. ಇದರ ಲಕ್ಷ್ಯವೆಲ್ಲ ವೇದಾಂತದ ಮಾಯಾವಾದದ ಮೇಲೆ. ಮಧ್ವಾಚಾರ್ಯರ ಮತ್ತು ಅವರ ಶಿಷ್ಯಪರಂಪರೆಯ ಮಾಯಾವಾದಖಂಡನೆಯನ್ನು ಬಲ್ಲ ಕನ್ನಡದ ಅಧ್ಯೇತೃಗಳಿಗೆ ಆ ಪುಟಗಳ ಧಾಟಿ ಅಪರಿಚಿತವೆನ್ನಿಸಲಾರದು. ಅವಿದ್ಯೆಗೆ ಆಶ್ರಯ ಯಾವುದು, ಮಿಥ್ಯೆಯಾದ ಸಾಧನದಿಂದ ಸತ್ಯಜ್ಞಾನ ಹೇಗೆ ಎಂಬ ಪ್ರಶ್ನೆಗಳು ಭಾರತೀಯ ದ್ವೈತಿಗಳ ಹಳೆಯ ಆಯುಧಗಳು. ಮತ ಬದಲಾದರೂ ವಿಷ್ಣುಭಕ್ತ ತಾರ್ಕಿಕನ ಕೈ ಬದಲಾಗಿರಲಿಲ್ಲ.

ಸಂಶಯವೂ ಬದಲಾಗಿರಲಿಲ್ಲ. ಪಾದ್ರಿಯಾಗಲು ಅವರು ಬಹಳ ವರ್ಷ ಹಿಂಜರಿದರು; 1868ರಲ್ಲಿ ಡೀಕನ್ ಆಗಿ, 1870ರಲ್ಲಿ ಗುರುವಾಗಿ ಅಭಿಷೇಕ ಪಡೆದರು. ಹೊತ್ತಿಗೆ ಅವರ ಒಲವು ಇವ್ಯಾಂಜೆಲಿಕಲ್ ಪಂಥದಿಂದ ಆಂಗ್ಲಿಕನ್ ಚರ್ಚಿನ ಕ್ಯಾಥೊಲಿಕ್ ಶಾಖೆಯತ್ತ ತಿರುಗಿತ್ತು. ಇವ್ಯಾಂಜೆಲಿಕಲ್ ಪಂಥದಲ್ಲಿ ಪ್ರತಿಯೊಬ್ಬನೂ ಬೈಬಲನ್ನು ತಾನೇ ಓದಿ ತನ್ನ ಹೃದಯದ ಸಾಕ್ಷ್ಯದ ಮೇಲೆ ನಿಶ್ಚಯಕ್ಕೆ ಬರಬೇಕು. ತನ್ನ ಹೃದಯದ ಸಾಕ್ಷ್ಯವನ್ನೇ ನಂಬಲಾರದವನಿಗೆ ಅದು ತಳವಿಲ್ಲದ ದೋಣಿ. ಪರಂಪರೆಯಿಂದ ಬಂದ ಚರ್ಚು ನಂಬುತ್ತದೆ, ಅದರ ನಂಬಿಕೆಯಲ್ಲಿ ತಾನೂ ಸೇರಿದ್ದೇನೆ ಎಂಬ ನೆಲೆ ಅವರಿಗೆ ಹೆಚ್ಚು ಭದ್ರವಾಗಿ ಕಂಡಿತು. ಶ್ರದ್ಧೆ ಮೊದಲು, ತರ್ಕ ಅದರ ಹಿಂದೆ ಎಂದು 1844ರಲ್ಲಿ ಬರೆದವರು ಮೂವತ್ತು ವರ್ಷಗಳ ನಂತರ ಬೇರೊಂದು ಶಾಸ್ತ್ರದ ಪರವಾಗಿ ಅದೇ ಸೂತ್ರಕ್ಕೆ ಬಂದು ನಿಂತದ್ದು ಅವರ ಜೀವನದ ಅತ್ಯಂತ ಗಮನಾರ್ಹವಾದ ಸಂಗತಿ. ಅವರ ಮತಾಂತರವನ್ನು ಪೂರ್ವದ ನೀಲಕಂಠರ ಸಂಪೂರ್ಣ ನಿರಾಕರಣೆಯೆಂದು ವಿವರಿಸುವ ಮಿಶನರಿ ಜೀವನಚರಿತ್ರೆಗಳೂ, ಪ್ರಲೋಭನೆಯ ಫಲವೆಂದು ಬದಿಗೊತ್ತುವವರೂ ಈ ಮುಂದುವರಿಕೆಯನ್ನು ಗಮನಿಸಿದಂತಿಲ್ಲ.

ಆಕ್ಸ್‌ಫರ್ಡಿನ ಕೌಲಿಯಲ್ಲಿ ನೆಲೆಯಿದ್ದ ಸಂತ ಯೋಹಾನನ ಹೆಸರಿನ ಸನ್ಯಾಸಿಸಂಘವನ್ನು ಅವರು ಸೇರಿ ಪುಣೆ, ಮುಂಬಯಿ, ಇಂದೂರುಗಳಲ್ಲಿ ದುಡಿದರು. ಆದರೆ ಆಜೀವ ವ್ರತವನ್ನು ಸ್ವೀಕರಿಸುವ ಘಟ್ಟದಲ್ಲಿ ಅವರ ಮನಸ್ಸು ತಡೆಯುತ್ತಿತ್ತು. ತಾನು ಆ ವ್ರತಕ್ಕೆ ಅರ್ಹನೇ, ತನ್ನ ನಂಬಿಕೆ ಅಷ್ಟು ಗಟ್ಟಿಯೇ ಎಂಬ ಪ್ರಶ್ನೆ ಬಗೆಹರಿಯದೆ, ದೇಶದ ಹಲವು ಕಡೆ ಫಾದರ್ ಗೋರೆ ಎಂದು ಪೂಜ್ಯರಾಗಿದ್ದ ಅವರು ಸಂಘದೊಳಗೆ ವ್ರತಾರ್ಥಿಯಾಗಿಯೇ ಉಳಿದರು. ನಿತ್ಯನರಕದ ಪ್ರಶ್ನೆ ಅವರನ್ನು ಮತ್ತೆ ಮತ್ತೆ ಕಾಡುತ್ತಿತ್ತು. 1845ರಲ್ಲಿ ಸ್ಮಿತ್ ಅವರ ಕೈಗೆ ಕೊಟ್ಟ ಕಾಗದದ ಪ್ರಶ್ನೆಯೇ ಅದು. ಸಿಲೋವದಿಂದ ಮರಳಿದವನಿಗೆ ಒಂದು ಸಲ ಕಣ್ಣು ಬಂದ ಮೇಲೆ ಮತ್ತೆ ಸಂಶಯವಿರಲಿಲ್ಲ. ನೀಲಕಂಠರಿಗೆ ಆ ಬಗೆಯ ಒಂದು ದಿನ, ಒಂದು ಕೊಳ ಇರಲಿಲ್ಲ. ಬಹಿಷ್ಕಾರ ಮಾತ್ರ ಇಬ್ಬರಿಗೂ ಸಮಾನ.

ಇತ್ತ ಜಾನ್ ಮ್ಯೂರ್ ಅವರ ಕಥೆ ಬೇರೆಯೇ ದಿಕ್ಕಿಗೆ ಹೋಯಿತು. ಸೇವೆಯಿಂದ ನಿವೃತ್ತರಾಗಿ ಎಡಿನ್‌ಬರೋದಲ್ಲಿ ನೆಲೆಸಿ, ಅಲ್ಲಿನ ವಿಶ್ವವಿದ್ಯಾಲಯದಲ್ಲಿ 1862ರಲ್ಲಿ ಸಂಸ್ಕೃತ ಪೀಠವನ್ನು ಸ್ಥಾಪಿಸಿ, ಮೂಲ ಸಂಸ್ಕೃತ ಪಾಠಗಳ ಐದು ಸಂಪುಟಗಳನ್ನು ಹೊರತಂದ ಅವರು ಕ್ರಮೇಣ ಬೈಬಲಿನ ಅಕ್ಷರಶಃ ದೈವಪ್ರೇರಣೆಯನ್ನು ಪ್ರಶ್ನಿಸುವ ಐರೋಪ್ಯ ವಿಮರ್ಶೆಯತ್ತ ಒಲಿದರು. ಪುರಾಣಗಳಿಗೆ ಹಿಡಿದ ಅಳತೆಗೋಲನ್ನೇ ಸುವಾರ್ತೆಗೂ ಹಿಡಿಯಬೇಕೆಂದು ನೀಲಕಂಠರು ಹಾಕಿದ ಸವಾಲನ್ನು ಕಾಲಾಂತರದಲ್ಲಿ ಮ್ಯೂರ್ ತಮ್ಮದೇ ರೀತಿಯಲ್ಲಿ ಒಪ್ಪಿಕೊಂಡಂತಾಯಿತು. ಪವಾಡವನ್ನು ಪ್ರಮಾಣವೆಂದವರು ಅದನ್ನು ಸಡಿ���ಬಿಟ್ಟರು. ಪ್ರಮಾಣವಲ್ಲವೆಂದವರು ಆ ಪವಾಡಗಳ ಮತದಲ್ಲಿ ಪಾದ್ರಿಯಾದರು.

ನೀಲಕಂಠರ ಬದುಕು ಕನ್ನಡ ನಾಡಿಗೆ ತಾಗುವುದು ಪಂಡಿತಾ ರಮಾಬಾಯಿಯವರ ಮೂಲಕ. ಕಾರ್ಕಳ ತಾಲೂಕಿನ ಮಾಳದ ಅನಂತ ಶಾಸ್ತ್ರಿ ಡೋಂಗ್ರೆಯವರು ಹೆಂಡತಿಗೆ ಸಂಸ್ಕೃತ ಕಲಿಸಿ ಜನರ ವಿರೋಧ ಕಟ್ಟಿಕೊಂಡು, ಪಶ್ಚಿಮಘಟ್ಟದ ಗಂಗಾಮೂಲದ ಕಾಡಿನಲ್ಲಿ ಆಶ್ರಮ ಮಾಡಿಕೊಂಡಿದ್ದರು. ತುಂಗಾ, ಭದ್ರಾ, ನೇತ್ರಾವತಿ ನದಿಗಳು ಹುಟ್ಟುವ ಆ ನೆಲದಲ್ಲಿ 1858ರಲ್ಲಿ ರಮಾಬಾಯಿ ಹುಟ್ಟಿದರು. ತೀರ್ಥದಿಂದ ತೀರ್ಥಕ್ಕೆ ಪುರಾಣ ಹೇಳುತ್ತ ಅಲೆದ ಈ ಕುಟುಂಬ ಕ್ಷಾಮಕಾಲದಲ್ಲಿ ಕೈಯಲ್ಲಿದ್ದುದನ್ನೆಲ್ಲ ದಾನ ಮಾಡಿ, ವ್ರತ ಉಪವಾಸಗಳನ್ನು ನಡೆಸಿ, ದೇವರ ಪವಾಡಕ್ಕಾಗಿ ಕಾದಿತು. ಪವಾಡ ನಡೆಯಲಿಲ್ಲ. 1874ರಲ್ಲಿ ಕೆಲವೇ ತಿಂಗಳುಗಳ ಅಂತರದಲ್ಲಿ ತಂದೆ, ತಾಯಿ, ಅಕ್ಕ ಹಸಿವಿನಿಂದ ಬಳಲಿ ತೀರಿಕೊಂಡರು. ನಡೆದ ಪವಾಡವನ್ನು ಕುರಿತು ಕಾಶಿಯಲ್ಲಿ ವಾದ ನಡೆಯಿತಾದರೆ, ನಡೆಯದ ಪವಾಡದಿಂದ ರಮಾಬಾಯಿಯವರ ಪ್ರಶ್ನೆಗಳು ಹುಟ್ಟಿದವು. ಕಲ್ಕತ್ತೆಯಲ್ಲಿ ಪಂಡಿತಾ ಎಂಬ ಬಿರುದನ್ನೂ, ಮದುವೆಯಾಗಿ ಎರಡೇ ವರ್ಷದಲ್ಲಿ ವೈಧವ್ಯವನ್ನೂ ಪಡೆದು 1882ರಲ್ಲಿ ಪುಣೆಗೆ ಬಂದ ಅವರನ್ನು ನೀಲಕಂಠರು ಅಲ್ಲಿ ಕಂಡರು. ಸಂಸ್ಕೃತ ಪಾಂಡಿತ್ಯ, ಚಿತ್ಪಾವನ ಕುಲ, ತೊರೆದು ಬಂದ ಮನೆ, ಇವೆಲ್ಲ ಇಬ್ಬರಿಗೂ ಸಮಾನವಾಗಿದ್ದವು. ರಮಾಬಾಯಿಯವರು ಆಗ ಬ್ರಾಹ್ಮ ಸಮಾಜದ ಏಕದೇವವಾದದಲ್ಲಿ ನಿಂತಿದ್ದರು. ಮರುವರ್ಷ ಇಂಗ್ಲೆಂಡಿಗೆ ಹೋದ ಮೇಲೂ ನೀಲಕಂಠರು ಅವರೊಂದಿಗೆ ವಾದವನ್ನು ಬಿಡಲಿಲ್ಲ. ಬ್ರಾಹ್ಮರ ದೇವರು ಬರಿಯ ಬುದ್ಧಿಯಿಂದ ದೊರೆತವನಲ್ಲ, ಕ್ರೈಸ್ತ ಶ್ರುತಿಯಿಂದ ಎರವಲು ಪಡೆದವನು ಎಂಬುದು ಅವರ ವಾದದ ತಿರುಳು. 1883ರ ಸೆಪ್ಟೆಂಬರ್ 29ರಂದು ವಾಂಟೇಜಿನಲ್ಲಿ ರಮಾಬಾಯಿ ದೀಕ್ಷಾಸ್ನಾನ ಪಡೆದರು. ಆ ನಿರ್ಧಾರದಲ್ಲಿ ಗೋರೆಯವರ ಬರಹಕ್ಕಿದ್ದ ಪಾತ್ರವನ್ನು ಅವರೇ ಕೃತಜ್ಞತೆಯಿಂದ ಸ್ಮರಿಸಿದ್ದಾರೆ.

ಆದರೆ ಶಿಷ್ಯೆ ಗುರುವಿನ ದಾರಿಯಲ್ಲಿ ಹೆಚ್ಚು ದೂರ ಹೋಗಲಿಲ್ಲ. ದೀಕ್ಷೆಯ ನಂತರವೂ ತ್ರೈಕತ್ವ, ಕನ್ಯಾಜನನ, ಚರ್ಚಿನ ಅಧಿಕಾರ ಮೊದಲಾದವುಗಳನ್ನು ಕುರಿತು ವಾಂಟೇಜಿನ ಸನ್ಯಾಸಿನಿಯರೊಂದಿಗೆ ಅವರು ನಡೆಸಿದ ಪತ್ರಸಂವಾದದಲ್ಲಿ ಒಂದು ಸಂಶಯವನ್ನೂ ಬಚ್ಚಿಟ್ಟಿಲ್ಲ. ಗೋರೆಯವರು ಸಂಶಯದಿಂದ ಬಿಡುಗಡೆಗಾಗಿ ಚರ್ಚಿನ ಅಧಿಕಾರವನ್ನು ಅಪ್ಪಿಕೊಂಡರು. ರಮಾಬಾಯಿಯವರು ಸಂಶಯದ ಹಕ್ಕನ್ನು ಉಳಿಸಿಕೊಳ್ಳುವುದಕ್ಕಾಗಿ ಅದೇ ಅಧಿಕಾರದೊಂದಿಗೆ ಜಗಳವಾಡಿದರು. ಇಬ್ಬರಲ್ಲಿ ಹೆಚ್ಚು ಧೀರರು ಯಾರು ಎಂಬ ಪ್ರಶ್ನೆಗೆ ಅನೇಕರು ತಡಮಾಡದೆ ರಮಾಬಾಯಿಯವರ ಹೆಸರನ್ನು ಹೇಳಿಯಾರು. ಆದರೆ ತಾನು ಒಪ್ಪಿದ್ದರಲ್ಲಿಯೇ ನೆಮ್ಮದಿಯಿಲ್ಲದೆ, ಅದನ್ನು ಬಿಡಲೂ ಮನಸ್ಸಿಲ್ಲದೆ, ನಲವತ್ತೇಳು ವರ್ಷ ನಿಂತವರ ಸ್ಥೈರ್ಯವೂ ಲಘುವಾದುದಲ್ಲ.

ನೆಹೆಮಾಯ ನೀಲಕಂಠ ಶಾಸ್ತ್ರಿ ಗೋರೆಯವರು 1895ರ ಅಕ್ಟೋಬರ್ 29ರಂದು ಮುಂಬಯಿಯಲ್ಲಿ ನಿಧನರಾದರು. ಐದು ವರ್ಷಗಳ ನಂತರ ಸಂಘದ ಪಾದ್ರಿ ಸಿ. ಇ. ಗಾರ್ಡನರ್ ಅವರ ಜೀವನಚರಿತ್ರೆಯನ್ನು ಇಂಗ್ಲಿಷಿನಲ್ಲಿ ಹೊರತಂದರು. ಮಗಳು ಎಲೆನ್ ಲಕ್ಷ್ಮಿ 1937ರವರೆಗೂ ಬದುಕಿದ್ದರು. ‘ಷಡ್ದರ್ಶನ ದರ್ಪಣ’ವನ್ನು ಮಿಶನ್ನಿನವರು ಬಹುಕಾಲ ಬಳಸಿದರು. ಕ್ರೈಸ್ತಮತವನ್ನು ಖಂಡಿಸಲು ಅವರು ಇಪ್ಪತ್ತರ ಹರೆಯದಲ್ಲಿ ಬರೆದ ‘ಶಾಸ್ತ್ರತತ್ತ್ವವಿನಿರ್ಣಯ’ವನ್ನು ಉಜ್ಜಯಿನಿಯ ಸದಾಶಿವ ಲಕ್ಷ್ಮೀಧರ ಕಾತ್ರೆಯವರು ಸಂಪಾದಿಸಿ 1951ರಲ್ಲಿ ಪ್ರಕಟಿಸಿದರು. ಆಗ ಅದರ ಕರ್ತೃ ತೀರಿಕೊಂಡು 56 ವರ್ಷಗಳಾಗಿದ್ದವು.